ಚಪಾತಿಯ ಕೈಗೆ ಸಿಕ್ಕ ಚೀಸ್ ಬ್ರೆಡ್

ನಮ್ಮ ಕಡೆ ಬ್ರೆಡ್ಡು ಅಂದರೆ ಜ್ವರದವರ ಊಟ. ಆಸ್ಪತ್ರೆಯಲ್ಲಿ ಇರುವವರನ್ನು ನೋಡಲು ಹೋಗುವಾಗ ದಾರಿಯ ಬೇಕರಿಯಲ್ಲಿ ಒಂದು ಪೌಂಡ್ ಬ್ರೆಡ್ಡು, ಪಕ್ಕದ ಗಾಡಿಯಲ್ಲಿ ಒಂದಿಷ್ಟು ಮೂಸಂಬಿ ಕಟ್ಟಿಸಿಕೊಂಡು ಹೋಗುವುದು ವಾಡಿಕೆ. ಜ್ವರ ಇಳಿದ ಮೇಲೆ ಮೊದಲು ಹಾಲಿನಲ್ಲಿ ಅದ್ದಿದ ಬ್ರೆಡ್ಡು, ಆಮೇಲೆ ಗಂಜಿ, ಆಮೇಲೆ ತಿಳಿಸಾರು ಅನ್ನ. ಹುಷಾರಾಗಿರುವವರು ಬ್ರೆಡ್ಡು ತಿನ್ನಬೇಕಾದರೆ ಅದಕ್ಕೆ ಒಗ್ಗರಣೆ ಹಾಕಿ ಉಪ್ಪಿಟ್ಟಿನಂತೆ ಮಾಡಬೇಕು, ಇಲ್ಲವೇ ಕಾವಲಿಯ ಮೇಲೆ ತುಪ್ಪದಲ್ಲಿ ಕೆಂಪಗೆ ಸುಡಬೇಕು. ಬರಿಯ ಬ್ರೆಡ್ಡನ್ನು ರುಚಿಗಾಗಿ ತಿನ್ನುವುದು ಅಂತ ಒಂದಿದೆ ಎಂದು ನಮ್ಮ ಮನೆಯಲ್ಲಿ ಯಾರೂ ನಂಬಿರಲಿಲ್ಲ.

ಇನ್ನು ಮನೆಯಲ್ಲಿ ಬ್ರೆಡ್ಡು ಮಾಡುವ ಮಾತಂತೂ ದೂರವೇ ಉಳಿಯಿತು. ಅದು ಬೇಕರಿಯವರ ಕೆಲಸ. ಹಾಸನದ ಕಡೆಯ ಎಚ್.ಎಸ್. ತಿರುಮಲಾಚಾರ್ ಅವರು 1898ರಲ್ಲಿ ಬೆಂಗಳೂರಿನ ಚಿಕ್ಕಪೇಟೆಯಲ್ಲಿ ಬೆಂಗಳೂರು ಬ್ರದರ್ಸ್ ಬೇಕರಿ ತೆರೆದರು. ಅಲ್ಲಿಂದ ಶುರುವಾದ ಅಯ್ಯಂಗಾರ್ ಬೇಕರಿಗಳು ಇವತ್ತು ಯಾವ ತಾಲ್ಲೂಕು ಕೇಂದ್ರಕ್ಕೆ ಹೋದರೂ ಬಸ್ ಸ್ಟ್ಯಾಂಡಿನ ಎದುರಿಗೇ ಸಿಗುತ್ತವೆ. ಮೊಟ್ಟೆ ಇಲ್ಲದ ಬ್ರೆಡ್ಡು, ದಿಲ್ ಪಸಂದ್, ಬೆಣ್ಣೆ ಬಿಸ್ಕತ್ತು, ಖಾರ ಬನ್ನು. ಚೀಸ್ ಬ್ರೆಡ್ಡಿಗೆ ನಮ್ಮ ಕಡೆ ಹತ್ತಿರದ ಸಂಬಂಧಿ ಯಾರಾದರೂ ಇದ್ದರೆ ಅದು ಈ ಖಾರ ಬನ್ನೇ. ಈಸ್ಟ್ ಹಾಕಿದ ಹಿಟ್ಟಿನೊಳಗೆ ಉಪ್ಪು ಖಾರದ ಏನನ್ನಾದರೂ ಸೇರಿಸಿ ಸುಡುವುದು, ಎರಡರದ್ದೂ ಅದೇ ಕಥೆ.

ಈಗ ಮನೆಮನೆಯಲ್ಲೂ ಓಟಿಜಿ ಓವನ್ ಬಂದು ಕೂತಿದೆ. ಬಹುಪಾಲು ಮನೆಗಳಲ್ಲಿ ಅದು ಎರಡು ಸಲ ಕೇಕ್ ಮಾಡಿ, ಆಮೇಲೆ ಪ್ಲಾಸ್ಟಿಕ್ ಕವರ್ ಹೊದ್ದು ಮಲಗಿರುತ್ತದೆ. ಅಂಥವರಿಗೆಲ್ಲ ನಾನು ಹೇಳುವುದು ಒಂದೇ. ಮೊದಲು ಚೀಸ್ ಬ್ರೆಡ್ ಮಾಡಿ. ಸಾದಾ ಬ್ರೆಡ್ಡಿನಲ್ಲಿ ಮರೆಮಾಚಲು ಏನೂ ಇರುವುದಿಲ್ಲ. ಹಿಟ್ಟು ಸ್ವಲ್ಪ ಕಡಿಮೆ ಉಬ್ಬಿದರೂ, ಜಾಸ್ತಿ ಬೆಂದರೂ ನಾಲಿಗೆಗೆ ಗೊತ್ತಾಗಿಬಿಡುತ್ತದೆ. ಚೀಸ್ ಬ್ರೆಡ್ ಹಾಗಲ್ಲ. ಅಷ್ಟೇನೂ ಚೆನ್ನಾಗಿ ಬರದ ದಿನವೂ ತಟ್ಟೆ ಖಾಲಿಯಾಗುತ್ತದೆ.

ಮಾಡುವ ವಿಧಾನವೂ ಸುಲಭವೇ. ಹಾಗಿದ್ದರೂ ಅಡುಗೆಯಲ್ಲಿ ಪಳಗಿದವರೇ ಇದರಲ್ಲಿ ಯಾಕೆ ಎಡವುತ್ತಾರೆ? ಹೊಸಬರಿಗಿಂತ ಅವರೇ ಜಾಸ್ತಿ ಎಡವುವುದನ್ನು ನೋಡಿದ್ದೇನೆ. ನನಗೆ ಅನ್ನಿಸುವುದು ಇಷ್ಟು: ನಮ್ಮ ಕೈ ಚಪಾತಿಯಲ್ಲಿ ಪಳಗಿದೆ, ಕಣ್ಣು ಇಡ್ಲಿ ಹಿಟ್ಟಿನಲ್ಲಿ ಪಳಗಿದೆ. ನಾಲಿಗೆಗೋ ಎಲ್ಲವೂ ಬಿಸಿಬಿಸಿಯಾಗಿಯೇ ಬೇಕು. ಈ ಮೂರೂ ಒಳ್ಳೆಯ ಅಭ್ಯಾಸಗಳೇ. ಬ್ರೆಡ್ಡಿನ ಮುಂದೆ ಮಾತ್ರ ಮೂರೂ ಅಡ್ಡ ಬರುತ್ತವೆ.

ಮೊದಲು ಅಳತೆ ಹೇಳಿಬಿಡುತ್ತೇನೆ. ಮೈದಾ 300 ಗ್ರಾಂ. ಉಗುರುಬೆಚ್ಚಗಿನ ಹಾಲು 200 ಮಿ.ಲೀ. ಇನ್‌ಸ್ಟಂಟ್ ಈಸ್ಟ್ 4 ಗ್ರಾಂ, ಅಂದರೆ ಮಟ್ಟ ಮಾಡಿದ ಒಂದು ಟೀ ಚಮಚಕ್ಕಿಂತ ತುಸು ಜಾಸ್ತಿ. ಸಕ್ಕರೆ ಒಂದು ದೊಡ್ಡ ಚಮಚ. ಉಪ್ಪು 4 ಗ್ರಾಂ. ಬೆಣ್ಣೆ 25 ಗ್ರಾಂ. ಚೀಸ್ 100 ಗ್ರಾಂ, ಅಂದರೆ ಅಂಗಡಿಯಲ್ಲಿ ಸಿಗುವ 25 ಗ್ರಾಮಿನ ಕ್ಯೂಬ್ ನಾಲ್ಕು. ಇಷ್ಟಕ್ಕೆ 8 ಇಂಚು ಉದ್ದ, 4 ಇಂಚು ಅಗಲದ ಬ್ರೆಡ್ ಟಿನ್ ಸರಿಹೋಗುತ್ತದೆ. ನಂದಿನಿಯ ನೀಲಿ ಪ್ಯಾಕೆಟ್ ಹಾಲೇ ಸಾಕು, ಗಟ್ಟಿ ಹಾಲು ಬೇಕಂತಿಲ್ಲ.

ಲೋಟದ ಅಳತೆ ಕೇಳಬೇಡಿ. ಒಂದೇ ಕಪ್ಪಿಗೆ ಮೈದಾ ಸುಮ್ನೆ ಉದುರಿಸಿ ತುಂಬಿದರೆ 120 ಗ್ರಾಂ ಹಿಡಿಯುತ್ತದೆ, ಒತ್ತಿ ತುಂಬಿದರೆ 150 ಗ್ರಾಂ. ಎರಡು ಕಪ್ಪಿಗೆ ಅಷ್ಟು ವ್ಯತ್ಯಾಸ ಬಂದರೆ ಬ್ರೆಡ್ಡಿನ ಹಣೆಬರಹವೇ ಬದಲಾಗುತ್ತದೆ. ಅಡುಗೆಮನೆಗೆ ಒಂದು ಸಣ್ಣ ಡಿಜಿಟಲ್ ತಕ್ಕಡಿ ತಂದುಬಿಡಿ.

ಮೈದಾ ಕೊಳ್ಳುವಾಗ ಪ್ಯಾಕೆಟ್ಟಿನ ಹಿಂಭಾಗ ನೋಡಿ. 100 ಗ್ರಾಮಿಗೆ ಪ್ರೋಟೀನ್ ಎಷ್ಟು ಅಂತ ಬರೆದಿರುತ್ತಾರೆ. ಒಂದರಲ್ಲಿ 9, ಇನ್ನೊಂದರಲ್ಲಿ 11 ಇದ್ದರೆ ಕಣ್ಣು ಮುಚ್ಚಿ 11ರದ್ದನ್ನು ತನ್ನಿ. ಗೋಧಿಯ ಪ್ರೋಟೀನಿನಲ್ಲಿ ಗ್ಲೂಟೆನಿನ್, ಗ್ಲಯಾಡಿನ್ ಅಂತ ಎರಡು ಇವೆ. ನೀರು ತಾಗಿದಾಗ ಇವೆರಡೂ ಸೇರಿ ಗ್ಲೂಟೆನ್ ಆಗುತ್ತದೆ. ಹಿಟ್ಟು ಎಳೆದರೆ ಬರುವುದು, ಬಿಟ್ಟರೆ ಹಿಂದಕ್ಕೆ ಹೋಗುವುದು ಇದರಿಂದಲೇ. ಈಸ್ಟ್ ಬಿಡುವ ಕಾರ್ಬನ್ ಡೈಆಕ್ಸೈಡನ್ನು ಒಳಗೇ ಹಿಡಿದಿಡುವುದೂ ಇದೇ.

ಇನ್ನು ಕೈಯ ವಿಷಯ. ನಮ್ಮ ಅತ್ತಿಗೆ ಚಪಾತಿಯಲ್ಲಿ ಎತ್ತಿದ ಕೈ. ಅವರು ಹಿಟ್ಟು ಕಲಸಿ ಮುಗಿಸಿದಾಗ ಪಾತ್ರೆ ತೊಳೆದಿಟ್ಟ ಹಾಗೆ ಕಾಣುತ್ತದೆ, ಒಂದು ಚೂರೂ ಅಂಟಿರುವುದಿಲ್ಲ. ಕ್ರಿಸ್‌ಮಸ್ ರಜೆಗೆ ಮಕ್ಕಳನ್ನು ಕರೆದುಕೊಂಡು ಬಂದಿದ್ದಾಗ ಬ್ರೆಡ್ ಕಲಿಯುತ್ತೇನೆ ಅಂತ ನಿಂತರು. ಮೈದಾ, ಈಸ್ಟ್, ಸಕ್ಕರೆ, ಉಪ್ಪು ಬೆರೆಸಿ ಹಾಲು ಹಾಕಿದ್ದೇ ತಡ, ಹಿಟ್ಟು ಬೆರಳ ಸಂದಿಗೆಲ್ಲ ಮೆತ್ತಿಕೊಂಡಿತು. ಅತ್ತಿಗೆಯ ಎಡಗೈ ತಾನಾಗಿಯೇ ಮೈದಾ ಡಬ್ಬಿಯ ಕಡೆ ಹೋಯಿತು.

"ಏನೇ ಇದು, ಹಿಂಗೆ ಅಂಟ್ತಿದೆ? ಒಂಚೂರು ಹಿಟ್ಟು ಹಾಕ್ತೀನಿ ತಡಿ."

"ಬೇಡ ಅತ್ತಿಗೆ. ಹಾಗೇ ಮುಚ್ಚಿಟ್ಟು ಬನ್ನಿ, ಕಾಫಿ ಕುಡಿಯೋಣ."

"ಕಲಸಿಯೇ ಇಲ್ಲವಲ್ಲೇ ಇನ್ನೂ!"

"ಅದೇ ಕಲಸಿಕೊಳ್ಳುತ್ತೆ, ಬನ್ನಿ."

ನನಗೆ ತಲೆ ಕೆಟ್ಟಿದೆ ಎಂಬಂತೆ ನೋಡಿದರು. ಕಾಫಿ ಮುಗಿಸಿ ಇಪ್ಪತ್ತು ನಿಮಿಷದ ಮೇಲೆ ಮುಚ್ಚಳ ತೆಗೆದರೆ ಹಿಟ್ಟಿನ ಮೇಲ್ಮೈ ಆಗಲೇ ನುಣುಪಾಗಿತ್ತು. ಅಂಚು ಹಿಡಿದು ಎಳೆದರೆ ಹರಿಯದೆ ಒಂದು ಗೇಣು ಬಂತು. "ಅಯ್ಯ, ಅದೇ ಹಿಟ್ಟಾ ಇದು?" ಅಂದರು. ಅದೇ ಹಿಟ್ಟು. ಗ್ಲೂಟೆನ್ ಆಗಲು ಬೇಕಿರುವುದು ನೀರು ಮತ್ತು ಸಮಯ. ನಾದುವುದು ಅದನ್ನು ಸಾಲಾಗಿ ಜೋಡಿಸುತ್ತದೆ, ಅಷ್ಟೇ. ಚಪಾತಿ ಹಿಟ್ಟನ್ನು ನಾವು ಅರ್ಧ ಗಂಟೆ ನೆನೆಯಲು ಬಿಡುವುದೂ ಇದಕ್ಕೇ ಅಲ್ವಾ? ಅಲ್ಲಿ ಕಲಸಿ ಮುಗಿಸಿ ಬಿಡುತ್ತೇವೆ, ಇಲ್ಲಿ ಅರ್ಧದಲ್ಲೇ ಬಿಡುತ್ತೇವೆ.

ಆದರೆ ಅಂಟು ಪೂರ್ತಿ ಹೋಗಬಾರದು. ಚಪಾತಿ ಹಿಟ್ಟಿನಷ್ಟು ಗಟ್ಟಿಯಾಗಿ ಕಲಸಿದರೆ ಬ್ರೆಡ್ಡು ಮರುದಿನಕ್ಕೆ ರಸ್ಕಿನ ದಾರಿ ಹಿಡಿಯುತ್ತದೆ. ಒಳಗಿನ ಗುಳ್ಳೆ ಹಿಗ್ಗಬೇಕಾದರೆ ಹಿಟ್ಟು ಮೆತ್ತಗಿರಬೇಕು. ಕೈಗೆ ಮೈದಾ ಸವರಿಕೊಳ್ಳುವ ಬದಲು ಎಣ್ಣೆಯ ಒಂದು ಹನಿ ಸವರಿಕೊಳ್ಳಿ, ಅಥವಾ ಕೈ ಒದ್ದೆ ಮಾಡಿಕೊಳ್ಳಿ. ಕಟ್ಟೆಯ ಮೇಲೆ ಹಾಕಿ, ಅಂಗೈಯ ಬುಡದಿಂದ ಮುಂದಕ್ಕೆ ತಳ್ಳಿ, ಮಡಚಿ, ತಿರುಗಿಸಿ, ಮತ್ತೆ ತಳ್ಳಿ. ಐದಾರು ನಿಮಿಷ ಇದನ್ನೇ ಮಾಡಿದ ಮೇಲೆ ಬೆಣ್ಣೆ ಸೇರಿಸಿ. ಮೊದಲೇ ಬೆಣ್ಣೆ ಹಾಕಿದರೆ ಜಿಡ್ಡು ಹಿಟ್ಟಿನ ಕಣಗಳಿಗೆ ಮೆತ್ತಿಕೊಂಡು ಗ್ಲೂಟೆನ್ ಕೂಡಿಕೊಳ್ಳಲು ಬಿಡುವುದಿಲ್ಲ. ಬೆಣ್ಣೆ ಬಿದ್ದ ತಕ್ಷಣ ಎಲ್ಲ ಕೆಟ್ಟುಹೋಯಿತು ಅನ್ನಿಸುವಷ್ಟು ಹಿಟ್ಟು ಜಾರುತ್ತದೆ, ಚೂರು ಚೂರಾಗುತ್ತದೆ. ಬಿಡದೆ ನಾದಿ. ಮತ್ತೆ ಕೂಡಿಕೊಳ್ಳುತ್ತದೆ.

ಸಾಕಾಯಿತೋ ಇಲ್ಲವೋ ನೋಡಲು ನಿಂಬೆಹಣ್ಣಿನಷ್ಟು ಹಿಟ್ಟು ಕಿತ್ತು, ಎರಡೂ ಕೈಯ ಬೆರಳಲ್ಲಿ ಹಿಡಿದು, ಕಿಟಕಿಯ ಬೆಳಕಿಗೆ ಎದುರಾಗಿ ನಿಧಾನಕ್ಕೆ ಅಗಲಿಸಿ. ಹರಿಯದೆ ತೆಳ್ಳಗಾಗುತ್ತಾ ಹೋಗಿ, ಆಚೆಗಿರುವ ಬೆರಳ ನೆರಳು ಕಾಣಿಸಿದರೆ ಆಯಿತು. ಅತ್ತಿಗೆ ಅದನ್ನು ಬೆಳಕಿಗೆ ಹಿಡಿದು ಸುಮಾರು ಹೊತ್ತು ನೋಡುತ್ತಾ ನಿಂತರು. ಹಿರಿಮಗ ಬಂದು ಮಧ್ಯಕ್ಕೆ ಬೆರಳು ಚುಚ್ಚಿ ತೂತು ಮಾಡಿ ಓಡಿಹೋದ.

ಇಲ್ಲಿ ಒಂದು ಮಾತು. ದೊಡ್ಡ ಪ್ರಮಾಣದಲ್ಲಿ ಬ್ರೆಡ್ ಮಾಡುವವರಿಗೆ ಇಷ್ಟು ಪುರಸೊತ್ತು ಇರುವುದಿಲ್ಲ. ಹಿಟ್ಟಿಗೆ ಬೇಗ ಬಲ ಬರಲಿ ಅಂತ ಪೊಟ್ಯಾಸಿಯಂ ಬ್ರೋಮೇಟ್ ಬೆರೆಸುವ ರೂಢಿ ಬಹಳ ಕಾಲ ಇತ್ತು. 2016ರ ಮೇ ತಿಂಗಳಲ್ಲಿ ದೆಹಲಿಯ ವಿಜ್ಞಾನ ಮತ್ತು ಪರಿಸರ ಕೇಂದ್ರ ಬ್ರೆಡ್ಡು ಬನ್ನುಗಳ 38 ಮಾದರಿ ಪರೀಕ್ಷಿಸಿ, ಶೇ 84ರಷ್ಟರಲ್ಲಿ ಪೊಟ್ಯಾಸಿಯಂ ಬ್ರೋಮೇಟ್ ಅಥವಾ ಅದೇ ಕೆಲಸಕ್ಕೆ ಬಳಸುವ ಪೊಟ್ಯಾಸಿಯಂ ಅಯೋಡೇಟಿನ ಅಂಶ ಸಿಕ್ಕಿದೆ ಎಂದು ವರದಿ ಕೊಟ್ಟಿತು. ಕ್ಯಾನ್ಸರ್ ತರಬಹುದಾದ ವಸ್ತುಗಳ ಪಟ್ಟಿಯಲ್ಲಿ ಬ್ರೋಮೇಟಿನ ಹೆಸರು ಮೊದಲೇ ಇತ್ತು. ಅದೇ ವರ್ಷ ನಮ್ಮ ಆಹಾರ ಸುರಕ್ಷತಾ ಪ್ರಾಧಿಕಾರ ಅದನ್ನು ನಿಷೇಧಿಸಿತು. ಆಗ ಕೆಲವು ವಾರ ಎಲ್ಲರ ಬಾಯಲ್ಲೂ ಇದೇ ಮಾತು, ಆಮೇಲೆ ಯಥಾಪ್ರಕಾರ. ಬೇಕರಿಯವರನ್ನೆಲ್ಲ ಬೈಯಲು ಇದನ್ನು ಹೇಳುತ್ತಿಲ್ಲ. ಅವರು ಪುಡಿ ಹಾಕಿ ಉಳಿಸುತ್ತಿದ್ದ ಹೊತ್ತು ನಮಗೆ ಮನೆಯಲ್ಲಿ ಪುಕ್ಕಟೆ ಸಿಗುತ್ತದೆ, ಅದನ್ನು ಬಳಸಿಕೊಳ್ಳೋಣ ಅಂತ.

ಈಗ ಹಿಟ್ಟನ್ನು ಉಂಡೆ ಮಾಡಿ, ಎಣ್ಣೆ ಸವರಿದ ಪಾತ್ರೆಯಲ್ಲಿಟ್ಟು ಮುಚ್ಚಬೇಕು. ಇಲ್ಲಿಂದ ಇಡ್ಲಿಯ ಕಣ್ಣಿನ ಕಾಟ ಶುರು.

ಇಡ್ಲಿ ಹಿಟ್ಟು ಉಕ್ಕಿ ಪಾತ್ರೆಯಿಂದ ಹೊರಗೆ ಚೆಲ್ಲಿದರೆ ನಮಗೆ ಖುಷಿ. "ಇವತ್ತು ಇಡ್ಲಿ ಹೂವಿನ ಹಾಗೆ ಬರುತ್ತೆ" ಅಂತ ಬೆಳಗ್ಗೆಯೇ ಘೋಷಣೆ. ಅಲ್ಲಿ ಕೆಲಸ ಮಾಡುವುದು ಮುಖ್ಯವಾಗಿ ಲ್ಯೂಕೊನಾಸ್ಟಾಕ್ ಎಂಬ ಬ್ಯಾಕ್ಟೀರಿಯಾ. ಉದ್ದಿನಲ್ಲಿ, ಅಕ್ಕಿಯಲ್ಲಿ ತಾನಾಗಿಯೇ ಇರುವಂಥದ್ದು. ಅದು ಗಾಳಿಯನ್ನೂ ಬಿಡುತ್ತದೆ, ಹುಳಿಯನ್ನೂ ಕೊಡುತ್ತದೆ. ಹುಳಿ ನಮಗೆ ಬೇಕು. ಒಂದು ಗಂಟೆ ಹೆಚ್ಚಾದರೆ ದೋಸೆಗಾಯಿತು, ಇನ್ನೂ ಹೆಚ್ಚಾದರೆ ಪಡ್ಡಿಗಾಯಿತು. ಏನೂ ನಷ್ಟವಿಲ್ಲ.

ಈಸ್ಟಿನ ಲೆಕ್ಕ ಬೇರೆ. ಅದು ಒಂದು ಶಿಲೀಂಧ್ರ, ಒಂದೇ ಕೋಶದ ಜೀವ. ಸಕ್ಕರೆಯನ್ನು ತಿಂದು ಕಾರ್ಬನ್ ಡೈಆಕ್ಸೈಡು, ಆಲ್ಕೋಹಾಲು ಎರಡನ್ನೂ ಬಿಡುತ್ತದೆ. ಇದು ಬರಿಯ ರಸಾಯನದ ಆಟ ಅಲ್ಲ, ಜೀವಂತ ಈಸ್ಟಿನ ಕೆಲಸ ಎಂದು ಲೂಯಿ ಪಾಶ್ಚರ್ 1850ರ ದಶಕದ ಕೊನೆಗೆ ಪ್ರಯೋಗ ಮಾಡಿ ತೋರಿಸಿದರು. ಆಲ್ಕೋಹಾಲು ಓವನ್ನಿನ ಬಿಸಿಗೆ ಹೆಚ್ಚುಕಡಿಮೆ ಪೂರ್ತಿ ಹಾರಿಹೋಗುತ್ತದೆ, ಅಜ್ಜಿಯರು ಗಾಬರಿ ಆಗಬೇಕಿಲ್ಲ. ಆದರೆ ಹಿಟ್ಟನ್ನು ಹೊತ್ತು ಮೀರಿ ಬಿಟ್ಟರೆ ಅದೇ ವಾಸನೆ ಉಳಿದುಕೊಳ್ಳುತ್ತದೆ. ಗುಳ್ಳೆಗಳು ಹಿಗ್ಗಿ ಹಿಗ್ಗಿ ಗ್ಲೂಟೆನ್ ಸೋತುಹೋಗುತ್ತದೆ. ಆಮೇಲೆ ಓವನ್ನಿಗೆ ಇಟ್ಟರೆ ನಡು ಕುಸಿಯುತ್ತದೆ. ಎರಡರಷ್ಟಾದರೆ ಸಾಕು, ಮೂರರಷ್ಟು ಬೇಡ. ಬೆರಳಿಗೆ ಮೈದಾ ಹಚ್ಚಿಕೊಂಡು ಹಿಟ್ಟನ್ನು ಒತ್ತಿ ನೋಡಿ. ಗುಳಿ ತಟ್ಟನೆ ಮುಚ್ಚಿಕೊಂಡರೆ ಇನ್ನೂ ಬಿಡಿ. ಹಾಗೇ ನಿಂತರೆ, ಅಥವಾ ತುಂಬ ನಿಧಾನಕ್ಕೆ ಅರ್ಧ ಮುಚ್ಚಿಕೊಂಡರೆ ಮುಂದಿನ ಕೆಲಸಕ್ಕೆ ಹೊರಡಿ.

ಎಷ್ಟು ಹೊತ್ತು ಬಿಡಬೇಕು ಅಂತ ಎಲ್ಲರೂ ಕೇಳುತ್ತಾರೆ. ಅದನ್ನು ನೀವಿರುವ ಊರನ್ನು ಕೇಳಬೇಕು. 27 ಡಿಗ್ರಿ ಆಸುಪಾಸಿನಲ್ಲಿ ಒಂದರಿಂದ ಒಂದೂವರೆ ಗಂಟೆ. ಡಿಸೆಂಬರಿನ ಬೆಂಗಳೂರಿನಲ್ಲಿ, ಮಡಿಕೇರಿಯಲ್ಲಿ ಎರಡು ಗಂಟೆ ದಾಟಿದರೂ ಆಶ್ಚರ್ಯವಿಲ್ಲ. ಓವನ್ನಿನೊಳಗೆ ಒಂದು ಲೋಟ ಬಿಸಿನೀರಿಟ್ಟು, ಪಕ್ಕದಲ್ಲಿ ಹಿಟ್ಟಿನ ಪಾತ್ರೆ ಇಟ್ಟು ಬಾಗಿಲು ಮುಚ್ಚಿದರೆ ಬೆಚ್ಚಗಿರುತ್ತದೆ. ಓವನ್ ಆನ್ ಮಾಡಬೇಡಿ. ಮೇ ತಿಂಗಳ ರಾಯಚೂರು, ಕಲಬುರಗಿಯಲ್ಲಿ ಇದಕ್ಕೆ ಉಲ್ಟಾ. ಹಾಲನ್ನು ಫ್ರಿಜ್ಜಿನಿಂದ ತೆಗೆದದ್ದೇ ತಣ್ಣಗೆ ಹಾಕಿ. ಇಲ್ಲದಿದ್ದರೆ ನೀವು ಟೀ ಕುಡಿದು ಬರುವಷ್ಟರಲ್ಲಿ ಹಿಟ್ಟು ಮುಚ್ಚಳ ಎತ್ತಿರುತ್ತದೆ.

ಹಾಲು ಬೆಚ್ಚಗಿರಬೇಕು ಅಂದರೆ 35ರಿಂದ 40 ಡಿಗ್ರಿ. ಬೆರಳು ಅದ್ದಿದರೆ ಹಿತವಾಗಿರಬೇಕು, ಮಗುವಿಗೆ ಕುಡಿಸುವ ಹಾಲಿನ ಹದ. 60 ಡಿಗ್ರಿ ಮುಟ್ಟುವಷ್ಟರಲ್ಲಿ ಈಸ್ಟ್ ಸತ್ತಿರುತ್ತದೆ. ಈಸ್ಟಿನ ಮೇಲೇ ಅನುಮಾನ ಇದ್ದರೆ ಸ್ವಲ್ಪ ಬೆಚ್ಚಗಿನ ಹಾಲಿಗೆ ಚಿಟಿಕೆ ಸಕ್ಕರೆ ಹಾಕಿ ಅದರಲ್ಲಿ ಬಿಡಿ. ಹತ್ತು ನಿಮಿಷದಲ್ಲಿ ನೊರೆ ಬಂದರೆ ಬದುಕಿದೆ. ಒಡೆದ ಪ್ಯಾಕೆಟ್ಟನ್ನು ಗಾಳಿಯಾಡದ ಡಬ್ಬಿಗೆ ಹಾಕಿ ಫ್ರೀಜರಿನಲ್ಲಿ ಇಡಿ. ಕಟ್ಟೆಯ ಮೇಲಿನ ಮಸಾಲೆ ಡಬ್ಬಿಗಳ ಸಾಲಿನಲ್ಲಿ ಇಟ್ಟರೆ ಅದು ಬಹಳ ದಿನ ಬಾಳುವುದಿಲ್ಲ.

ಇನ್ನು ಚೀಸು. ಈ ಬ್ರೆಡ್ಡಿನಲ್ಲಿ ನನಗೆ ಎಲ್ಲಕ್ಕಿಂತ ಇಷ್ಟದ ವಿಷಯ ಇದೇ, ಸ್ವಲ್ಪ ಉದ್ದ ಮಾತಾಡುತ್ತೇನೆ.

ಬೇಕಿಂಗ್ ಗೊತ್ತಿರುವವರು ಅಮುಲ್ ಕ್ಯೂಬ್ ಅಂದರೆ ಮೂಗು ಮುರಿಯುತ್ತಾರೆ. ಅದು ನಿಜವಾದ ಚೀಸೇ ಅಲ್ಲವಂತೆ, ಚೆಡ್ಡಾರ್ ತರಬೇಕಂತೆ. ತನ್ನಿ, ಬೇಡ ಅನ್ನುವುದಿಲ್ಲ. ಹಳೆಯ ಚೆಡ್ಡಾರಿನ ರುಚಿಯೇ ರುಚಿ. ಆದರೆ ಅದನ್ನು ತುಂಡು ಮಾಡಿ ಬ್ರೆಡ್ಡಿನೊಳಗೆ ಇಟ್ಟು ಸುಟ್ಟರೆ ಅರ್ಧ ಜಿಡ್ಡು ಎಣ್ಣೆಯಾಗಿ ಸೋರಿ ಹಿಟ್ಟಿಗೆ ಇಳಿಯುತ್ತದೆ. ಉಳಿದದ್ದು ರಬ್ಬರಿನಂತೆ ಮುದುಡಿ ಕೂರುತ್ತದೆ. ಚೀಸಿನ ಪ್ರೋಟೀನನ್ನು ಕಟ್ಟಿಹಿಡಿಯುವುದು ಕ್ಯಾಲ್ಸಿಯಂ. ಬಿಸಿ ತಾಗಿದಾಗ ಆ ಪ್ರೋಟೀನು ಬಿಗಿದುಕೊಂಡು ಒಳಗಿನ ಜಿಡ್ಡನ್ನೂ ನೀರನ್ನೂ ಹೊರಗೆ ಹಿಂಡುತ್ತದೆ. ಚೀಸು ಹಳೆಯದಾದಷ್ಟೂ ಎಣ್ಣೆ ಬಿಡುವುದು ಜಾಸ್ತಿ.

ನಮ್ಮ ಕ್ಯೂಬಿನಂಥ ಸಂಸ್ಕರಿಸಿದ ಚೀಸಿಗೆ ಈ ತಾಪತ್ರಯ ಇಲ್ಲ. 1911ರಲ್ಲಿ ಸ್ವಿಟ್ಜರ್ಲೆಂಡಿನ ಥುನ್ ಊರಿನಲ್ಲಿ ವಾಲ್ಟರ್ ಗರ್ಬರ್ ಮತ್ತು ಫ್ರಿಟ್ಜ್ ಸ್ಟೆಟ್ಲರ್ ಎಂಬ ಇಬ್ಬರು, ಚೀಸನ್ನು ಸೋಡಿಯಂ ಸಿಟ್ರೇಟ್ ಎಂಬ ಉಪ್ಪಿನ ಜೊತೆ ಕಾಯಿಸಿದರೆ ಅದು ಒಡೆಯದೆ ನುಣ್ಣಗೆ ಕರಗುತ್ತದೆ ಎಂದು ಕಂಡುಕೊಂಡರು. ಬಿಸಿಲಿನ ದೇಶಗಳಿಗೆ ಕಳಿಸಿದರೂ ಕೆಡದ ಚೀಸು ಅವರಿಗೆ ಬೇಕಿತ್ತು. 1916ರಲ್ಲಿ ಅಮೆರಿಕದಲ್ಲಿ ಜೇಮ್ಸ್ ಕ್ರಾಫ್ಟ್ ತನ್ನದೇ ವಿಧಾನಕ್ಕೆ ಪೇಟೆಂಟ್ ಪಡೆದರು. ಆ ಸಿಟ್ರೇಟು ಕ್ಯಾಲ್ಸಿಯಮ್ಮನ್ನು ತನ್ನ ಕಡೆ ಎಳೆದುಕೊಳ್ಳುತ್ತದೆ. ಪ್ರೋಟೀನು ಸಡಿಲವಾಗಿ, ಜಿಡ್ಡು ನೀರು ಎರಡನ್ನೂ ಹಿಡಿದುಕೊಂಡೇ ಕರಗುತ್ತದೆ. ನಿಮ್ಮ ಫ್ರಿಜ್ಜಿನಲ್ಲಿರುವ ಪ್ಯಾಕೆಟ್ಟಿನ ಹಿಂದೆ 331 ಅಂತ ನಂಬರ್ ಇದ್ದರೆ ಅದು ಇದೇ ಉಪ್ಪು.

ಹಾಗಾಗಿ ಕ್ಯೂಬ್ ಚೀಸು ಬ್ರೆಡ್ಡಿನೊಳಗೆ ಎಣ್ಣೆ ಬಿಡುವುದಿಲ್ಲ, ಹರಿದು ಮಾಯವಾಗುವುದೂ ಇಲ್ಲ. ಕಡಲೆಬೇಳೆಗಿಂತ ಸ್ವಲ್ಪ ದೊಡ್ಡ ತುಂಡು ಮಾಡಿ ಹಾಕಿದರೆ, ಹೋಳು ಮಾಡಿದಾಗ ಅಲ್ಲಲ್ಲಿ ಹಳದಿಯಾಗಿ, ಮೆತ್ತಗೆ, ಇದ್ದಲ್ಲೇ ಇರುತ್ತದೆ. ನೂಲಿನಂತೆ ಎಳೆ ಬರುವುದಿಲ್ಲ. ಎಳೆ ಬೇಕೆಂದು ಹಟ ಹಿಡಿಯುವ ಮಕ್ಕಳಿದ್ದರೆ ಅರ್ಧ ಮೊಜರೆಲ್ಲಾ ಸೇರಿಸಿ. ಬರಿಯ ಮೊಜರೆಲ್ಲಾ ಬೇಡ, ಅದರಲ್ಲಿ ನೀರು ಜಾಸ್ತಿ, ಸುತ್ತಲಿನ ಹಿಟ್ಟು ಹಸಿಹಸಿಯಾಗಿ ಉಳಿಯುತ್ತದೆ. ಪನೀರ್ ಹಾಕಬಹುದಾ ಅಂತ ಒಬ್ಬರು ಕೇಳಿದರು. ಹಾಕಬಹುದು, ಆದರೆ ಅದು ಕರಗುವುದೇ ಇಲ್ಲ. ಆಗ ಅದು ಪನೀರ್ ಬನ್ನು.

ತುರಿದು ಹಿಟ್ಟಿಗೆ ಕಲಸುವವರೂ ಇದ್ದಾರೆ. ಹಾಗೆ ಮಾಡಿದರೆ ಬ್ರೆಡ್ಡು ಮೆತ್ತಗೆ ಬರುತ್ತದೆ, ಒಳ್ಳೆಯ ಬಣ್ಣವೂ ಬರುತ್ತದೆ, ಚೀಸ್ ಮಾತ್ರ ಎಲ್ಲಿ ಹೋಯಿತು ಅಂತ ಹುಡುಕಬೇಕು. ನಾನು ಮುಕ್ಕಾಲು ಪಾಲು ತುಂಡು ಮಾಡಿ ಒಳಗೆ, ಕಾಲು ಪಾಲು ತುರಿದು ಮೇಲಕ್ಕೆ ಹಾಕುತ್ತೇನೆ. ಫ್ರಿಜ್ಜಿನಿಂದ ಒಂದು ಗಂಟೆ ಮೊದಲೇ ತೆಗೆದಿಡಿ, ತಣ್ಣನೆಯ ಚೀಸು ಬಿದ್ದರೆ ಹಿಟ್ಟು ಉಬ್ಬುವುದು ನಿಧಾನವಾಗುತ್ತದೆ. ಉಪ್ಪನ್ನು 4 ಗ್ರಾಮಿಗೆ ಇಳಿಸಿದ್ದೂ ಇದೇ ಚೀಸಿನ ಕಾರಣಕ್ಕೆ. ಸಾದಾ ಬ್ರೆಡ್ಡಾಗಿದ್ದರೆ 300 ಗ್ರಾಂ ಮೈದಾಕ್ಕೆ 6 ಗ್ರಾಂ ಬೇಕಿತ್ತು.

ಉಬ್ಬಿದ ಹಿಟ್ಟನ್ನು ಕಟ್ಟೆಯ ಮೇಲೆ ಬೋರಲು ಹಾಕಿ ಅಂಗೈಯಿಂದ ಮೆಲ್ಲಗೆ ತಟ್ಟಿ ಗಾಳಿ ತೆಗೆಯಿರಿ. ಟಿನ್ನಿನ ಉದ್ದದಷ್ಟು ಅಗಲಕ್ಕೆ ಚೌಕ ಮಾಡಿ. ಚೀಸ್ ತುಂಡುಗಳನ್ನು ಉದುರಿಸಿ, ಬೆರಳಲ್ಲಿ ಒಂದೊಂದನ್ನೂ ಒತ್ತಿ. ಒಂದು ತುದಿಯಿಂದ ಚಾಪೆ ಸುತ್ತಿದ ಹಾಗೆ ಬಿಗಿಯಾಗಿ ಸುತ್ತಿಕೊಂಡು ಬನ್ನಿ. ಸಡಿಲ ಬಿಟ್ಟರೆ ಬೆಂದ ಮೇಲೆ ಸುರುಳಿಗಳ ನಡುವೆ ಬಾಯಿ ಬಿಟ್ಟುಕೊಳ್ಳುತ್ತದೆ. ಅಂಚನ್ನು ಚಿವುಟಿ ಮುಚ್ಚಿ, ಆ ಅಂಚು ಕೆಳಗೆ ಬರುವಂತೆ ಟಿನ್ನಿನಲ್ಲಿ ಇಡಿ. ಮತ್ತೆ ಸುಮಾರು ಮುಕ್ಕಾಲು ಗಂಟೆ ಬಿಡಿ, ಹಿಟ್ಟು ಟಿನ್ನಿನ ಅಂಚಿಗಿಂತ ಒಂದು ಬೆರಳು ಮೇಲೆ ಬರುವ ತನಕ.

ಓವನ್ 190 ಡಿಗ್ರಿಗೆ ಮೊದಲೇ ಕಾದಿರಲಿ. ಓಟಿಜಿಗಳ ಮುಳ್ಳು ಹೇಳುವುದಕ್ಕೂ ಒಳಗಿರುವ ಬಿಸಿಗೂ ಬಹಳ ಸಲ ತಾಳೆ ಆಗುವುದಿಲ್ಲ, ಹಾಗಾಗಿ ಬಣ್ಣವನ್ನು ನಂಬಿ. ಮೇಲಿನ ರಾಡು ಹತ್ತಿರ ಇರುವುದರಿಂದ ಟಿನ್ನನ್ನು ಕೆಳಗಿನ ಹಂತದಲ್ಲಿ ಇಡಿ. ಹಾಲಿನ ಸಕ್ಕರೆ, ಚೀಸಿನ ಪ್ರೋಟೀನು ಎರಡೂ ಸೇರಿ ಮೇಲ್ಭಾಗ ಬೇಗ ಕೆಂಪಾಗುತ್ತದೆ. ಇಪ್ಪತ್ತು ನಿಮಿಷಕ್ಕೇ ಚೆಂದದ ಬಣ್ಣ ಬಂದಿರುತ್ತದೆ, ಒಳಗೆ ಮಾತ್ರ ಇನ್ನೂ ಹಸಿ. ಆಗ ಮೇಲೊಂದು ಫಾಯಿಲ್ ಮುಚ್ಚಿ. ಒಟ್ಟು 30ರಿಂದ 35 ನಿಮಿಷ. ಟಿನ್ನಿನಿಂದ ತೆಗೆದು ತಳಕ್ಕೆ ಬೆರಳಲ್ಲಿ ಕುಟ್ಟಿದರೆ ಟೊಳ್ಳು ಸದ್ದು ಬರಬೇಕು. ಥರ್ಮಾಮೀಟರ್ ಇದ್ದವರು ಚುಚ್ಚಿ ನೋಡಿ, ನಡುವಿನಲ್ಲಿ 93 ಡಿಗ್ರಿ ದಾಟಿದ್ದರೆ ಬೆಂದಿದೆ. ಅದು 100 ಆಗಲಿ ಅಂತ ಕಾಯಬೇಡಿ. ಬೆಂಗಳೂರು ಇರುವುದು ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಮೇಲೆ. ಇಲ್ಲಿ ನೀರೇ 97 ಡಿಗ್ರಿಗೆ ಕುದಿಯುತ್ತದೆ.

ಸುಡುವ ಹೊತ್ತಿನಲ್ಲೇ ಕರೆಂಟು ಹೋದರೆ? ಹೋಗೇ ಹೋಗುತ್ತದೆ, ಅದೂ ಮಳೆಗಾಲದ ಸಂಜೆ. ಬಾಗಿಲು ತೆಗೆಯಬೇಡಿ. ಓವನ್ನಿನ ಬಿಸಿ ಸುಮಾರು ಹೊತ್ತು ಇರುತ್ತದೆ. ಮೊದಲ ಹತ್ತು ಹನ್ನೆರಡು ನಿಮಿಷ ದಾಟಿದ್ದರೆ ಬ್ರೆಡ್ಡಿನ ಆಕಾರ ನಿಂತಿರುತ್ತದೆ, ಕರೆಂಟು ಬಂದ ಮೇಲೆ ಉಳಿದದ್ದನ್ನು ಬೇಯಿಸಿದರಾಯಿತು. ಓವನ್ನೇ ಇಲ್ಲದವರು ದಪ್ಪ ತಳದ ಪಾತ್ರೆಗೆ ಉಪ್ಪು ಹರಡಿ, ಸ್ಟ್ಯಾಂಡ್ ಇಟ್ಟು, ಕುಕ್ಕರಿನಲ್ಲಿ ಕೇಕ್ ಮಾಡುವ ಹಾಗೇ ಮಾಡಬಹುದು. ತಳ ಕೆಂಪಾಗುತ್ತದೆ, ಮೇಲ್ಭಾಗ ಬೆಳ್ಳಗೇ ಉಳಿಯುತ್ತದೆ. ಬೆಣ್ಣೆ ಸವರಿದ ಕಾವಲಿಯ ಮೇಲೆ ಬೋರಲು ಹಾಕಿ ಎರಡು ನಿಮಿಷ ಇಟ್ಟರೆ ಅದೂ ಸರಿ.

ಈಗ ನಿಜವಾದ ಕಷ್ಟ. ಮನೆಯೆಲ್ಲ ಘಮ್ ಅನ್ನುತ್ತಿರುತ್ತದೆ. ಎಲ್ಲರೂ ತಟ್ಟೆ ಹಿಡಿದು ನಿಂತಿರುತ್ತಾರೆ. ದೋಸೆ ಕಾವಲಿಯಿಂದ ನೇರ ಬಾಯಿಗೆ ಹೋಗಬೇಕು ಎಂದು ನಂಬಿರುವ ಜನ ನಾವು. ಬ್ರೆಡ್ಡಿಗೆ ಮಾತ್ರ ಹಾಗೆ ಮಾಡುವಂತಿಲ್ಲ. ಟಿನ್ನಿನಿಂದ ಕೂಡಲೇ ತೆಗೆಯಬೇಕು, ಇಲ್ಲವಾದರೆ ಹಬೆಗೆ ತಳ ಒದ್ದೆಯಾಗುತ್ತದೆ. ತೆಗೆದು ಜಾಲರಿಯ ಮೇಲೆ ಇಟ್ಟ ಮೇಲೆ ಮುಕ್ಕಾಲು ಗಂಟೆಯಾದರೂ ಮುಟ್ಟಬಾರದು. ಒಳಗಿನ ಪಿಷ್ಟ ಇನ್ನೂ ಗಟ್ಟಿಯಾಗುತ್ತಿರುತ್ತದೆ, ಹಬೆ ಹೊರಗೆ ಬರುತ್ತಿರುತ್ತದೆ. ಆಗ ಚಾಕು ಹಾಕಿದರೆ ಒಳಭಾಗ ಚಾಕುವಿಗೆ ಮೆತ್ತಿಕೊಂಡು ಮುದ್ದೆಯಾಗುತ್ತದೆ. ಎಷ್ಟು ಚೆನ್ನಾಗಿ ಬೆಂದಿದ್ದರೂ ಹಸಿ ಅನ್ನಿಸುತ್ತದೆ.

ಅತ್ತಿಗೆ ಇದನ್ನು ಒಪ್ಪಲೇ ಇಲ್ಲ. "ತಣ್ಣಗಾದ ಮೇಲೆ ತಿನ್ನೋಕೆ ಬೇಕರಿಯಿಂದಲೇ ತರಬಹುದಿತ್ತಲ್ಲೇ" ಅಂದರು. ಮಾತಿನಲ್ಲಿ ನ್ಯಾಯವಿದೆ. ಚೀಸು ಬಿಸಿಯಿದ್ದಾಗಲೇ ರುಚಿ, ಬ್ರೆಡ್ಡು ಆರಿದ ಮೇಲೇ ರುಚಿ. ಇವೆರಡಕ್ಕೂ ರಾಜಿ ಮಾಡಿಸಲು ನನಗೆ ಸಿಕ್ಕ ದಾರಿ ಬನ್ನು. ಅದೇ ಹಿಟ್ಟನ್ನು 60 ಗ್ರಾಮಿನಂತೆ ತೂಗಿ, ಒಳಗೆ ಚೀಸಿಟ್ಟು ಉಂಡೆ ಮಾಡಿ, ತಟ್ಟೆಯಲ್ಲಿ ಒತ್ತೊತ್ತಾಗಿ ಜೋಡಿಸಿದರೆ 18-20 ನಿಮಿಷಕ್ಕೆ ಬೇಯುತ್ತದೆ. ಸಣ್ಣದಾದ್ದರಿಂದ ಬೇಗ ಆರುತ್ತದೆ, ಹತ್ತು ನಿಮಿಷ ತಡೆದರೆ ಸಾಕು. ಬಿಸಿ ಇರುವಾಗಲೇ ಬಿಡಿಸಿ ತಿನ್ನಬಹುದು. ಮನೆ ತುಂಬ ಜನ ಇರುವಾಗ ನಾನು ಬನ್ನೇ ಮಾಡುವುದು. ಸ್ಯಾಂಡ್‌ವಿಚ್ಚಿಗೆ, ಡಬ್ಬಿಗೆ ಬೇಕಾದಾಗ ಮಾತ್ರ ಉದ್ದ ಬ್ರೆಡ್ಡು.

ಖರ್ಚಿನ ಮಾತು ತೆಗೆದರೆ, ಇದರಲ್ಲಿ ಉಳಿತಾಯವೇನೂ ಇಲ್ಲ. ಮೈದಾ, ಹಾಲು, ಈಸ್ಟು ಎಲ್ಲ ಸೇರಿದರೂ ಚೀಸಿನ ಬೆಲೆಗೆ ಸಮ ಬರುವುದಿಲ್ಲ. ಉಳಿತಾಯಕ್ಕಾಗಿ ಮಾಡುವವರು ಸಾದಾ ಬ್ರೆಡ್ಡು ಮಾಡಲಿ. ಕಾಲು ಪಾಲು ಮೈದಾ ಬದಲು ಗೋಧಿ ಹಿಟ್ಟು ಹಾಕಬಹುದಾ ಅಂತ ಕೇಳುವವರಿಗೆ: ಧಾರಾಳವಾಗಿ ಹಾಕಿ, ಹಾಲು ಎರಡು ಚಮಚ ಹೆಚ್ಚಿಸಿ. ಅದಕ್ಕಿಂತ ಹೆಚ್ಚು ಗೋಧಿ ಹಾಕಿದರೆ ತೌಡಿನ ಕಣಗಳು ಗ್ಲೂಟೆನ್ನಿನ ಎಳೆ ಕತ್ತರಿಸುತ್ತವೆ, ಬ್ರೆಡ್ಡು ತಗ್ಗಿ ಕೂರುತ್ತದೆ.

ಉಳಿದ ಬ್ರೆಡ್ಡನ್ನು ಫ್ರಿಜ್ಜಿನಲ್ಲಿ ಇಡುವುದು ನಮ್ಮೆಲ್ಲರ ಚಾಳಿ. ಬೂಸ್ಟು ಹಿಡಿಯುವುದಿಲ್ಲ, ನಿಜ. ಆದರೆ ಫ್ರಿಜ್ಜಿನ ಚಳಿಯಲ್ಲಿ ಪಿಷ್ಟ ಮತ್ತೆ ಹರಳುಗಟ್ಟುವುದು ಹೊರಗಿಗಿಂತ ಬೇಗ, ಒಂದೇ ದಿನಕ್ಕೆ ಬಿರುಸಾಗುತ್ತದೆ. ಎರಡು ದಿನಕ್ಕೆ ಮುಗಿಯುವಷ್ಟನ್ನು ಬಟ್ಟೆಯಲ್ಲಿ ಸುತ್ತಿ ಡಬ್ಬಿಯಲ್ಲಿ ಹೊರಗೇ ಇಡಿ. ಮಿಕ್ಕಿದ್ದನ್ನು ಹೋಳು ಮಾಡಿ ಫ್ರೀಜರಿಗೆ ಹಾಕಿ. ಬೇಕಾದಾಗ ಒಂದೊಂದೇ ಹೋಳು ತೆಗೆದು ನೇರ ಕಾವಲಿಗೆ ಹಾಕಿದರೆ ಚೀಸು ಮತ್ತೆ ಕರಗಿ, ಅಂಚು ಗರಿಗರಿಯಾಗುತ್ತದೆ. ನಮ್ಮ ಅಪ್ಪ ಇದಕ್ಕೆ ಶೇಂಗಾ ಚಟ್ನಿಪುಡಿ, ಬೆಣ್ಣೆ ಸವರಿಕೊಂಡು ತಿನ್ನುತ್ತಾರೆ. ಜ್ವರ ಇಲ್ಲದಾಗ ಬ್ರೆಡ್ಡು ಯಾಕೆ ಅಂತ ಈಗ ಅವರೂ ಕೇಳುವುದಿಲ್ಲ.

ಅತ್ತಿಗೆ ಊರಿಗೆ ಹೋದ ಮೇಲೆ ಇದೇ ಹಿಟ್ಟಿಗೆ ಖಾರ ಬನ್ನಿನ ಸಾಮಾನೆಲ್ಲ ಸೇರಿಸಿ ಮಾಡುತ್ತಿದ್ದಾರೆ. ಹೆಚ್ಚಿದ ಈರುಳ್ಳಿ, ಹಸಿಮೆಣಸಿನಕಾಯಿ, ಕೊತ್ತಂಬರಿ, ಅದರ ಜೊತೆ ಚೀಸು. ನನ್ನದಕ್ಕಿಂತ ಅದೇ ಚೆನ್ನಾಗಿದೆ, ಅನುಮಾನವೇ ಬೇಡ. ಮಾಡುವವರಿಗೆ ಒಂದೇ ಸೂಚನೆ: ಈರುಳ್ಳಿಯನ್ನು ಹಸಿಯಾಗಿ ಹಾಕಬೇಡಿ, ಉಪ್ಪು ತಾಗಿದ ಕೂಡಲೇ ನೀರು ಬಿಟ್ಟು ಹಿಟ್ಟನ್ನು ತೆಳ್ಳಗೆ ಮಾಡುತ್ತದೆ. ಒಂದು ಚಮಚ ಎಣ್ಣೆಯಲ್ಲಿ ಬಾಡಿಸಿ, ಪೂರ್ತಿ ಆರಿದ ಮೇಲೆ, ಸುರುಳಿ ಸುತ್ತುವ ಹೊತ್ತಿಗೆ ಚೀಸಿನ ಜೊತೆ ಉದುರಿಸಿ.